ಪೂರೀಮ್ ದಿನದ ಯಹೂದಿ: ಇಗ್ನಾತ್ಸಿ ಶಿಪೆರ್ ಬರೆದ ರಂಗಭೂಮಿಯ ಚರಿತ್ರೆ

ಯಹೂದಿ ರಂಗಭೂಮಿ ಯಾವಾಗ ಹುಟ್ಟಿತು ಎಂಬ ಪ್ರಶ್ನೆಗೆ ಸಾಹಿತ್ಯಚರಿತ್ರೆಗಳು ಸಾಮಾನ್ಯವಾಗಿ ಕೊಡುವ ಉತ್ತರ 1876. ಆ ವರ್ಷ ರೊಮೇನಿಯಾದ ಯಾಶ್ ನಗರದಲ್ಲಿ, ಜನರು ಕುಡಿದು ಹಾಡು ಕೇಳಲು ಸೇರುತ್ತಿದ್ದ ಒಂದು ತೋಟದಲ್ಲಿ, ಅಬ್ರಹಾಂ ಗೋಲ್ಡ್‌ಫಾಡೆನ್ ಎಂಬ ಕವಿ ಅಲೆಮಾರಿ ಹಾಡುಗಾರರನ್ನು ಕೂಡಿಸಿಕೊಂಡು ಯಿದ್ದಿಶ್ ಭಾಷೆಯಲ್ಲಿ ಆಟ ಆಡಿಸಿದನು. ಹಾಡುಗಳ ನಡುವೆ ಸಂಭಾಷಣೆ ಸೇರಿತು, ಸಂಭಾಷಣೆಗೆ ಕಥೆ ಸೇರಿತು. ಕೆಲವೇ ವರ್ಷಗಳಲ್ಲಿ ಪೂರ್ವ ಯೂರೋಪಿನ ಊರೂರುಗಳಲ್ಲಿ ವೃತ್ತಿಪರ ತಂಡಗಳು ತಿರುಗತೊಡಗಿದವು. ಗೋಲ್ಡ್‌ಫಾಡೆನ್‌ನಿಗೆ ‘ಯಿದ್ದಿಶ್ ರಂಗಭೂಮಿಯ ಪಿತಾಮಹ’ ಎಂಬ ಬಿರುದು ಹೀಗೆ ಬಂದಿತು.

ಈ ಉತ್ತರ ಅನುಕೂಲಕರವಾದುದು. ಆದರೆ ಅದು ನಿರ್ದೋಷಿಯಲ್ಲ. ರಂಗಭೂಮಿ 1876ರಲ್ಲಿ ಹುಟ್ಟಿತೆಂದರೆ ಅದಕ್ಕೆ ಮುನ್ನ ಸುಮಾರು ಎರಡು ಸಾವಿರ ವರ್ಷ ಈ ಜನಾಂಗ ನಾಟಕವಿಲ್ಲದೆ ಬದುಕಿತ್ತು ಎಂದಾಗುತ್ತದೆ. ಯಹೂದಿಯದು ಗ್ರಂಥಪರವಾದ ಸಂಸ್ಕೃತಿ, ಅವನ ಮನೆಯಲ್ಲಿ ಪಾಠವಿದೆ, ಪ್ರಾರ್ಥನೆಯಿದೆ, ಆಟವಿಲ್ಲ. ಆಟವನ್ನು ಅವನು ಆಧುನಿಕ ಯೂರೋಪಿನಿಂದ ತಡವಾಗಿ ಎರವಲು ತಂದನು ಎಂಬ ಗ್ರಹಿಕೆ ಇದರ ಹಿಂದಿದೆ. ಇದನ್ನು ಪ್ರಶ್ನಿಸಿ ಯಹೂದಿ ರಂಗಕಲೆಯ ಪ್ರಾಚೀನತೆಯನ್ನು ವಿಸ್ತಾರವಾಗಿ ಬರೆಯಲು ಹೊರಟವರು ಪೋಲೆಂಡಿನ ಇತಿಹಾಸಕಾರ ಇಗ್ನಾತ್ಸಿ ಶಿಪೆರ್. ಯಿದ್ದಿಶ್ ಓದುಗರಿಗೆ ಅವರು ಯಿತ್ಸ್‌ಖೋಕ್ ಶಿಪೆರ್. 1923ರಿಂದ 1928ರ ಅವಧಿಯಲ್ಲಿ ವಾರ್ಸಾದಲ್ಲಿ ಸಂಪುಟಗಳಾಗಿ ಪ್ರಕಟವಾದ ಅವರ ಕೃತಿಯ ಹೆಸರೇ ಅದರ ವಾದವನ್ನು ಸೂಚಿಸುತ್ತದೆ: ಅತಿ ಪ್ರಾಚೀನ ಕಾಲದಿಂದ 1750ರವರೆಗಿನ ಯಹೂದಿ ರಂಗಕಲೆ ಮತ್ತು ನಾಟಕದ ಇತಿಹಾಸ. ಇತರರು ಕಥೆಯನ್ನು ಆರಂಭಿಸುವ ವರ್ಷಕ್ಕೆ ನೂರಿಪ್ಪತ್ತಾರು ವರ್ಷ ಮೊದಲೇ ಈ ಗ್ರಂಥ ತನ್ನ ಕಥೆಯನ್ನು ಮುಗಿಸುತ್ತದೆ.

ಅರ್ಥಶಾಸ್ತ್ರದಿಂದ ರಂಗಭೂಮಿಗೆ

ಶಿಪೆರ್ ಹುಟ್ಟಿದ್ದು 1884ರಲ್ಲಿ, ಆಗ ಆಸ್ಟ್ರಿಯಾ-ಹಂಗೇರಿಯ ಆಳ್ವಿಕೆಗೆ ಸೇರಿದ್ದ ಗಲೀಷಿಯಾ ಪ್ರಾಂತ್ಯದ ತಾರ್ನುವ್ ಪಟ್ಟಣದಲ್ಲಿ. ಕ್ರಾಕೋವ್ ಮತ್ತು ವಿಯೆನ್ನಾಗಳಲ್ಲಿ ವ್ಯಾಸಂಗ ಮಾಡಿದ ಅವರು ಮೊದಲು ಹೆಸರಾದದ್ದು ಆರ್ಥಿಕ ಇತಿಹಾಸದ ಕ್ಷೇತ್ರದಲ್ಲಿ. ಮಧ್ಯಯುಗದ ಪೋಲೆಂಡಿನಲ್ಲಿ ಯಹೂದಿಗಳ ಆರ್ಥಿಕ ಸಂಬಂಧಗಳನ್ನು ಕುರಿತ ಅವರ ಗ್ರಂಥ 1911ರಲ್ಲಿ ಹೊರಬಂದಿತು. ಪೋಲಿಷ್ ನೆಲದಲ್ಲಿ ಯಹೂದಿ ವಾಣಿಜ್ಯದ ಇತಿಹಾಸ 1937ರಲ್ಲಿ. ಮೊಸೆಸ್ ಶೋರ್ ಮತ್ತು ಮೇಯರ್ ಬಲಬಾನ್ ಅವರೊಡನೆ ಶಿಪೆರ್ ಅವರನ್ನೂ ಪೋಲಿಷ್ ಯಹೂದಿ ಇತಿಹಾಸಲೇಖನದ ಸ್ಥಾಪಕತ್ರಯದಲ್ಲಿ ಎಣಿಸುವುದು ವಾಡಿಕೆ. ಅವರು ಗ್ರಂಥಾಲಯಕ್ಕೆ ಸೀಮಿತರಾದ ಪಂಡಿತರಲ್ಲ. ತಾರುಣ್ಯದಲ್ಲಿ ಸಮಾಜವಾದಿ ಜಿಯೋನಿಸ್ಟ್ ಪಕ್ಷದಲ್ಲಿದ್ದವರು, ಸ್ವತಂತ್ರ ಪೋಲೆಂಡಿನ ಸಂಸತ್ತಿನಲ್ಲಿ 1919ರಿಂದ 1927ರವರೆಗೆ ಸದಸ್ಯರಾಗಿದ್ದವರು. ರಂಗಭೂಮಿಯ ಚರಿತ್ರೆ ಸಿದ್ಧವಾದುದು ಬಹುಪಾಲು ಈ ಸಂಸದೀಯ ವರ್ಷಗಳಲ್ಲಿಯೇ.

ಆರ್ಥಿಕ ಇತಿಹಾಸಕಾರನೊಬ್ಬ ನಾಟಕದ ಕಡೆಗೆ ತಿರುಗಿದ್ದು ಮೇಲ್ನೋಟಕ್ಕೆ ವಿಚಿತ್ರವೆನಿಸಬಹುದು. ಆದರೆ ಅವರ ಇತಿಹಾಸದೃಷ್ಟಿಯಲ್ಲಿ ಈ ತಿರುವಿಗೆ ಕಾರಣವಿದೆ. ಹತ್ತೊಂಬತ್ತನೆಯ ಶತಮಾನದ ಯಹೂದಿ ಇತಿಹಾಸಲೇಖನ, ವಿಶೇಷವಾಗಿ ಹೈನ್‌ರಿಷ್ ಗ್ರೆಟ್ಸ್‌ನ ಮಹಾಗ್ರಂಥ, ಚಿಂತಕರ ಹಾಗೂ ಹುತಾತ್ಮರ ಚರಿತ್ರೆಯಾಗಿತ್ತು. ಒಂದು ಕಡೆ ವಿದ್ವತ್ತು, ಇನ್ನೊಂದು ಕಡೆ ಸಂಕಟ. ಕೈದುಡಿಮೆಯಿಂದ ಬದುಕಿದ ಲಕ್ಷಾಂತರ ಸಾಮಾನ್ಯರು ಅದರಲ್ಲಿ ಕಾಣಿಸುತ್ತಿರಲಿಲ್ಲ. ಸಬ್ಬತ್ ದಿನದ ಯಹೂದಿಯ ಪರಿಚಯ ನಮಗೆ ಸಾಕಷ್ಟಾಗಿದೆ, ಇನ್ನು ವಾರದ ಉಳಿದ ದಿನಗಳ ಯಹೂದಿಯನ್ನು ಅರಿಯಬೇಕು ಎಂಬುದು ಶಿಪೆರ್ ಅವರ ಪ್ರಸಿದ್ಧ ನಿಲುವು. ಆರ್ಥಿಕ ಗ್ರಂಥಗಳಲ್ಲಿ ಅವರು ಅರಸಿದ್ದು ಈ ದುಡಿಯುವ ಮನುಷ್ಯನನ್ನು. ರಂಗಭೂಮಿಯ ಚರಿತ್ರೆಯಲ್ಲಿ ಅವರಿಗೆ ಎದುರಾದವನು ಮೂರನೆಯ ಒಬ್ಬ. ಅವನು ಸಬ್ಬತ್ತಿನವನೂ ಅಲ್ಲ, ವಾರದ ದಿನದವನೂ ಅಲ್ಲ. ವರ್ಷಕ್ಕೊಮ್ಮೆ ಮುಖವಾಡ ತೊಟ್ಟು, ಹೆಣ್ಣುಡುಗೆ ಉಟ್ಟು, ರಾಜನನ್ನೂ ರಬ್ಬಿಯನ್ನೂ ಅಣಕಿಸಿ ಮರುದಿನ ಮತ್ತೆ ಅಂಗಡಿ ತೆರೆಯುವ ಪೂರೀಮ್ ದಿನದ ಯಹೂದಿ.

ಗ್ರಂಥ ಬರೆದ ಕಾಲವೂ ಗಮನಾರ್ಹ. ಪೂರ್ವ ಯೂರೋಪಿನ ಯಹೂದಿಗಳ ಆಡುಮಾತಾದ ಯಿದ್ದಿಶ್, ಹೀಬ್ರೂ ಲಿಪಿಯಲ್ಲಿ ಬರೆಯುವ, ಜರ್ಮನ್ ಮೂಲದ, ಹೀಬ್ರೂ ಮತ್ತು ಸ್ಲಾವಿಕ್ ಪದಗಳು ಬೆರೆತ ಭಾಷೆ. ಅದನ್ನಾಡುವ ಸುಶಿಕ್ಷಿತರೇ ಅದನ್ನು ‘ಜಾರ್ಗನ್’ ಎಂದು ಹೀಗಳೆಯುತ್ತಿದ್ದರು. 1908ರ ಚೆರ್ನೋವಿಟ್ಸ್ ಸಮ್ಮೇಳನ ಅದನ್ನು ಯಹೂದಿ ಜನತೆಯ ಒಂದು ರಾಷ್ಟ್ರಭಾಷೆ ಎಂದು ಸಾರಿತು. 1920ರ ಡಿಸೆಂಬರಿನಲ್ಲಿ, ನಾಟಕಕಾರ ಆನ್‌ಸ್ಕಿ ತೀರಿಕೊಂಡ ಮೂವತ್ತನೆಯ ದಿನದ ಶೋಕಾವಧಿ ಮುಗಿಯುವ ಹೊತ್ತಿಗೆ, ವಿಲ್ನಾ ತಂಡವು ವಾರ್ಸಾದಲ್ಲಿ ಅವನ ‘ದಿಬ್ಬುಕ್’ ನಾಟಕವನ್ನು ಮೊದಲ ಬಾರಿಗೆ ಆಡಿತು. 1925ರಲ್ಲಿ ವಿಲ್ನಾದಲ್ಲಿ ಯಿದ್ದಿಶ್ ಸಂಶೋಧನ ಸಂಸ್ಥೆಯಾದ ಯಿವೋ ಸ್ಥಾಪನೆಯಾಯಿತು. ಅದರ ಆಶ್ರಯದಲ್ಲಿ ನಟಿ ಎಸ್ತೆರ್ ರಾಖೆಲ್ ಕಾಮಿನ್‌ಸ್ಕಾಳ ಹೆಸರಿನ ರಂಗಭೂಮಿ ಸಂಗ್ರಹಾಲಯವೂ ಆಯಿತು. ಮೂವತ್ತು ಲಕ್ಷಕ್ಕೆ ಸಮೀಪವಿದ್ದ ಪೋಲೆಂಡಿನ ಯಹೂದಿಗಳು ತಮ್ಮನ್ನು ಒಂದು ಧರ್ಮಪಂಥವೆಂದು ಕರೆದುಕೊಳ್ಳಬೇಕೋ, ಸ್ವಂತ ಭಾಷೆ-ಕಲೆಗಳುಳ್ಳ ಜನಾಂಗವೆಂದು ಕರೆದುಕೊಳ್ಳಬೇಕೋ ಎಂಬ ಚರ್ಚೆ ಸಂಸತ್ತಿನಲ್ಲೂ ಬೀದಿಯಲ್ಲೂ ನಡೆದಿತ್ತು. ಆ ಸಂದರ್ಭದಲ್ಲಿ ‘ನಮಗೆ ಪ್ರಾಚೀನ ರಂಗಭೂಮಿಯಿದೆ’ ಎಂದು ಯಿದ್ದಿಶ್ ಭಾಷೆಯಲ್ಲಿಯೇ ಬರೆಯುವುದು ಒಂದು ರಾಜಕೀಯ ಹೇಳಿಕೆಯೂ ಆಗಿತ್ತು.

ನಿಷೇಧವೇ ಆಕರ

ಈ ಇತಿಹಾಸವನ್ನು ಬರೆಯುವವನಿಗೆ ಎದುರಾಗುವ ಮೊದಲ ತೊಡಕು ಆಕರಗಳದು. ಯಹೂದಿ ಪರಂಪರೆಯಲ್ಲಿ ಬರವಣಿಗೆ ಪಂಡಿತರ ಕೈಯಲ್ಲಿತ್ತು. ಪಂಡಿತರಿಗೆ ಆಟ ಸಲ್ಲದ ವಸ್ತು. ಮೊದಲ ಕೀರ್ತನೆಯಲ್ಲಿ ಬರುವ ‘ಕುಚೋದ್ಯಗಾರರ ಪೀಠ’ವೆಂದರೆ ರೋಮನ್ನರ ರಂಗಮಂದಿರ ಮತ್ತು ಕ್ರೀಡಾಂಗಣಗಳೇ ಎಂದು ತಾಲ್ಮೂದಿನ ಆಚಾರ್ಯರು ವ್ಯಾಖ್ಯಾನಿಸಿದರು. ಪುರುಷನು ಸ್ತ್ರೀವೇಷ ಧರಿಸಬಾರದೆಂಬ ಧರ್ಮೋಪದೇಶಕಾಂಡದ ವಿಧಿ ನಾಟಕಕ್ಕೆ ಇನ್ನೊಂದು ಅಡ್ಡಿ. ಹೀಗಾಗಿ ಮೂರು ಬಗೆಯ ಸಾಕ್ಷಿಗಳಷ್ಟೇ ಉಳಿದಿವೆ: ನಿಷೇಧಿಸಿದವರ ಮಾತು, ಅನ್ಯಧರ್ಮೀಯರ ದಾಖಲೆ, ಮತ್ತು ಆಕಸ್ಮಿಕವಾಗಿ ಉಳಿದುಕೊಂಡ ಕೆಲವು ಹಸ್ತಪ್ರತಿಗಳು.

ನಿಷೇಧವನ್ನು ಇತಿಹಾಸಕಾರ ಬೇರೆ ರೀತಿಯಲ್ಲಿ ಓದಬೇಕಾಗುತ್ತದೆ. ಯಾರೂ ಹೋಗದ ಜಾಗಕ್ಕೆ ಹೋಗಬೇಡಿರೆಂದು ಯಾವ ಶಾಸ್ತ್ರವೂ ಶತಮಾನಗಳ ಕಾಲ ಹೇಳುತ್ತಿರುವುದಿಲ್ಲ. ಅಲ್ಲದೆ ತಾಲ್ಮೂದ್ ಒಂದೇ ದನಿಯ ಗ್ರಂಥವಲ್ಲ. ರಕ್ತಪಾತದ ಆಟಗಳು ನಡೆಯುವ ಕ್ರೀಡಾಂಗಣಕ್ಕೆ ಹೋಗುವುದನ್ನು ಉಳಿದವರು ನಿಷೇಧಿಸಿದಾಗ ರಬ್ಬಿ ನಾತಾನ್ ಎರಡು ಕಾರಣಗಳಿಗಾಗಿ ಅದನ್ನು ಅನುಮತಿಸಿದನೆಂದು ‘ಅವೋದಾ ಜಾರಾ’ ಭಾಗದಲ್ಲಿ ದಾಖಲಾಗಿದೆ. ಪ್ರೇಕ್ಷಕನು ಕೂಗಿ ಸೋತವನ ಪ್ರಾಣ ಉಳಿಸಬಹುದು ಎಂಬುದು ಒಂದು; ಸತ್ತವನ ಸಾವಿಗೆ ಸಾಕ್ಷಿ ನುಡಿದು ಅವನ ಹೆಂಡತಿಗೆ ಮರುವಿವಾಹದ ಹಕ್ಕು ದೊರಕಿಸಬಹುದು ಎಂಬುದು ಇನ್ನೊಂದು. ಪ್ರೇಕ್ಷಕನಾಗಿ ಕುಳಿತುಕೊಳ್ಳಲು ಧರ್ಮಶಾಸ್ತ್ರ ಕೊಡುವ ಸಮರ್ಥನೆಯೇ ಸಾಕ್ಷಿತ್ವ ಎಂಬುದನ್ನು ಇಲ್ಲಿ ಗಮನಿಸಬೇಕು.

ಅನ್ಯರ ಕೈಯಿಂದ ಉಳಿದ ಸಾಕ್ಷಿಗಳಲ್ಲಿ ಅತ್ಯಂತ ಹಳೆಯದು ‘ಎಕ್ಸಗೋಗೆ’. ಕ್ರಿಸ್ತಪೂರ್ವ ಎರಡನೆಯ ಶತಮಾನದ ಆಸುಪಾಸಿನಲ್ಲಿ ಎಜೆಕಿಯೆಲ್ ಎಂಬ ಯಹೂದಿ ಕವಿ ಗ್ರೀಕ್ ಭಾಷೆಯಲ್ಲಿ, ಗ್ರೀಕ್ ದುರಂತನಾಟಕದ ಛಂದಸ್ಸಿನಲ್ಲಿ, ಮೋಶೆಯ ನಾಯಕತ್ವದಲ್ಲಿ ಇಸ್ರಾಯೇಲ್ಯರು ಐಗುಪ್ತದಿಂದ ಹೊರಟ ಕಥೆಯನ್ನು ನಾಟಕವಾಗಿಸಿದನು. ಅದರ 269 ಸಾಲುಗಳು ಇಂದು ಲಭ್ಯವಿವೆ. ಅವುಗಳನ್ನು ಉಳಿಸಿದ್ದು ಯಹೂದಿ ಪರಂಪರೆಯಲ್ಲ. ಕ್ಲೆಮೆಂಟ್ ಮತ್ತು ಯೂಸೆಬಿಯಸ್ ಎಂಬ ಕ್ರೈಸ್ತ ಲೇಖಕರು ತಮ್ಮ ಗ್ರಂಥಗಳಲ್ಲಿ ಮಾಡಿಕೊಂಡ ಉಲ್ಲೇಖಗಳು. ಇತಿಹಾಸಕಾರ ಜೋಸೆಫಸ್ ತನ್ನ ಆತ್ಮಚರಿತ್ರೆಯಲ್ಲಿ ಕೊಡುವ ಒಂದು ವಿವರವೂ ಇಷ್ಟೇ ಅರ್ಥಪೂರ್ಣ. ರೋಮಿನಲ್ಲಿ ಬಂಧಿತರಾಗಿದ್ದ ಕೆಲವು ಯಹೂದಿ ಪುರೋಹಿತರನ್ನು ಬಿಡಿಸಲು ಅವನು ಅಲ್ಲಿಗೆ ಹೋದಾಗ ಸಹಾಯಕ್ಕೆ ಬಂದವನು ಅಲಿಟೂರಸ್ ಎಂಬ ನಟ. ಹುಟ್ಟಿನಿಂದ ಯಹೂದಿ, ಚಕ್ರವರ್ತಿ ನೀರೋನ ಮೆಚ್ಚಿನವನು. ಅವನ ಮೂಲಕ ಜೋಸೆಫಸ್‌ಗೆ ನೀರೋನ ಪತ್ನಿ ಪೊಪ್ಪೆಯಾಳ ಪರಿಚಯವಾಗಿ ಪುರೋಹಿತರ ಬಿಡುಗಡೆಯಾಯಿತು. ಪುರೋಹಿತರು ಹೇಸುವ ವೃತ್ತಿಯವನೊಬ್ಬ ಪುರೋಹಿತರ ಸೆರೆ ಬಿಡಿಸಿದ ಈ ಪ್ರಸಂಗ ಒಂದೆರಡು ವಾಕ್ಯಗಳಲ್ಲಿ ಮುಗಿದುಹೋಗುತ್ತದೆ. ಆ ನಟನ ವಿಷಯದಲ್ಲಿ ಉಳಿದಿರುವ ದಾಖಲೆ ಅಷ್ಟೇ.

ಮೂರನೆಯ ಬಗೆಗೆ ಇಟಲಿಯ ಮಾಂಟುವಾ ನಗರ ಉದಾಹರಣೆ. ಹದಿನಾರನೆಯ ಶತಮಾನದಲ್ಲಿ ಅಲ್ಲಿಯ ಯಹೂದಿ ಸಮುದಾಯ ಗೊಂಜಾಗಾ ಅರಸರ ಆಸ್ಥಾನದ ಉತ್ಸವಗಳಿಗೆ ನಾಟಕ ಆಡಬೇಕಾಗಿತ್ತು. ಸಬ್ಬತ್ ಆರಂಭವಾಗುವ ಶುಕ್ರವಾರದ ಸಂಜೆ ಅವರ ರಂಗ ಮೌನವಾಗಿರುತ್ತಿತ್ತು. ಅರಸನ ವೇಳಾಪಟ್ಟಿ ಅದಕ್ಕೆ ಹೊಂದಿಕೊಳ್ಳಬೇಕಾಗುತ್ತಿತ್ತು. ಆ ಸಮುದಾಯದ ಲಿಯೋನೆ ದೆ ಸೊಮ್ಮಿ ರಂಗಪ್ರಯೋಗದ ಬಗ್ಗೆ ಇಟಾಲಿಯನ್ ಭಾಷೆಯಲ್ಲಿ ನಾಲ್ಕು ಸಂವಾದಗಳನ್ನು ಬರೆದನು. ನಟನ ಮಾತು, ಚಲನೆ, ವೇಷ, ದೀಪ ಇವುಗಳನ್ನು ಶಾಸ್ತ್ರೀಯವಾಗಿ ಚರ್ಚಿಸಿದ ಆರಂಭದ ಯೂರೋಪಿಯನ್ ಬರಹಗಳಲ್ಲಿ ಅದಕ್ಕೆ ಸ್ಥಾನವಿದೆ. ವಿವಾಹವನ್ನು ವಸ್ತುವಾಗುಳ್ಳ ಒಂದು ಹೀಬ್ರೂ ಪ್ರಹಸನವೂ ಅವನದೇ ಎಂದು ವಿದ್ವಾಂಸ ಹಾಯಿಮ್ ಶಿರ್ಮನ್ ನಿರ್ಧರಿಸಿ 1946ರಲ್ಲಿ ಅದನ್ನು ಮುದ್ರಿಸಿದರು. ಅದು ಹೀಬ್ರೂ ಭಾಷೆಯ ಮೊದಲ ನಾಟಕವೆಂದು ಇಂದು ಪರಿಗಣಿತವಾಗಿದೆ. ಆ ಮುದ್ರಣವನ್ನು ನೋಡಲು ಶಿಪೆರ್ ಬದುಕಿರಲಿಲ್ಲ.

ಪೂರೀಮ್ ಆಟ

ಇವೆಲ್ಲ ಬಿಡಿ ಬಿಡಿ ಮಿಂಚುಗಳು. ನಿರಂತರವಾದ ಎಳೆ ದೊರೆಯುವುದು ಪೂರೀಮ್ ಹಬ್ಬದ ಆಟದಲ್ಲಿ. ಹಬ್ಬಕ್ಕೆ ಆಧಾರ ಬೈಬಲ್ಲಿನ ಎಸ್ತೇರಳ ಗ್ರಂಥ. ಹಿಂದೂದೇಶದಿಂದ ಕೂಷಿನವರೆಗೆ ನೂರಿಪ್ಪತ್ತೇಳು ಸಂಸ್ಥಾನಗಳನ್ನು ಆಳುವ ಪಾರಸಿಯ ಅರಸ ಅಹಷ್ವೇರೋಷ. ಅವನ ಮಂತ್ರಿ ಹಾಮಾನನು ರಾಜ್ಯದ ಯಹೂದಿಗಳೆಲ್ಲರನ್ನೂ ಒಂದೇ ದಿನ ಕೊಲ್ಲಿಸಲು ಆಜ್ಞೆ ಹೊರಡಿಸುತ್ತಾನೆ. ತನ್ನ ಕುಲವನ್ನು ಮರೆಮಾಡಿಕೊಂಡು ರಾಣಿಯಾಗಿದ್ದ ಎಸ್ತೇರಳೂ ಅವಳ ಪಾಲಕ ಮೊರ್ದೆಕೈಯೂ ಅದನ್ನು ತಪ್ಪಿಸುತ್ತಾರೆ. ಮೊರ್ದೆಕೈಗಾಗಿ ನಿಲ್ಲಿಸಿದ ಗಲ್ಲುಗಂಬಕ್ಕೆ ಹಾಮಾನನೇ ಏರುತ್ತಾನೆ. ಇಡೀ ಗ್ರಂಥದಲ್ಲಿ ದೇವರ ಹೆಸರು ಒಮ್ಮೆಯೂ ಬರುವುದಿಲ್ಲ. ಮರೆಮಾಡಿದ ಗುರುತು, ತಲೆಕೆಳಗಾಗುವ ಅದೃಷ್ಟ, ಬದಲಾಗುವ ವೇಷ: ನಾಟಕಕ್ಕೆ ಬೇಕಾದ ಸಾಮಗ್ರಿಯೆಲ್ಲ ಇಲ್ಲಿದೆ. ಆ ದಿನ ಸಭಾಮಂದಿರದಲ್ಲಿ ಗ್ರಂಥವನ್ನು ಓದುವಾಗ ಹಾಮಾನನ ಹೆಸರು ಬಂದ ಕೂಡಲೇ ಜನ ಗದ್ದಲ ಮಾಡಿ ಆ ಹೆಸರನ್ನು ಮುಳುಗಿಸುತ್ತಾರೆ. ಓದುವಿಕೆಯೇ ಅರ್ಧ ಪ್ರದರ್ಶನ.

ಈ ಒಂದು ದಿನಕ್ಕೆ ಶಾಸ್ತ್ರ ತನ್ನ ಹಿಡಿತ ಸಡಿಲಿಸಿತು. ಪಾಡುವಾದ ರಬ್ಬಿ ಯೂದಾ ಮಿಂಟ್ಸ್ ಪೂರೀಮ್ ದಿನದ ಮುಖವಾಡವನ್ನೂ ವೇಷಪಲ್ಲಟವನ್ನೂ ತಪ್ಪೆನ್ನಲಿಲ್ಲ. ಅದನ್ನನುಸರಿಸಿ ಹದಿನಾರನೆಯ ಶತಮಾನದ ಕ್ರಾಕೋವ್‌ನ ಮೋಶೆ ಇಸ್ಸೆರ್ಲೆಸ್ ತನ್ನ ಧರ್ಮಶಾಸ್ತ್ರ ಟಿಪ್ಪಣಿಯಲ್ಲಿ, ಸಂತೋಷವೇ ಉದ್ದೇಶವಾಗಿರುವುದರಿಂದ ದೋಷವಿಲ್ಲ, ಆಕ್ಷೇಪಿಸುವವರಿದ್ದರೂ ರೂಢಿ ಹೀಗೆಯೇ ಇದೆ ಎಂದು ಬರೆದನು. ಇಂಥ ವಾಕ್ಯ ಇತಿಹಾಸಕಾರನಿಗೆ ಶಾಸನದಷ್ಟೇ ಬೆಲೆಯುಳ್ಳದ್ದು. ಜನ ಮಾಡುತ್ತಿದ್ದರು, ಪಂಡಿತರು ಒಪ್ಪಿಕೊಂಡರು, ಎಲ್ಲರೂ ಒಪ್ಪಲಿಲ್ಲ ಎಂಬ ಮೂರು ಸಂಗತಿಗಳು ಅದರಲ್ಲಿ ಒಟ್ಟಿಗೆ ದಾಖಲಾಗಿವೆ.

ಹಬ್ಬದೂಟದ ಹೊತ್ತಿಗೆ ಮನೆಮನೆಗೆ ಹೋಗಿ ಆಡುತ್ತಿದ್ದ ಈ ಆಟಗಳಿಗೆ ಯಿದ್ದಿಶ್‌ನಲ್ಲಿ ‘ಪೂರೀಮ್ ಶ್ಪಿಲ್’ ಎಂದು ಹೆಸರು. ಆ ಪದ ಹದಿನಾರನೆಯ ಶತಮಾನದಿಂದಲೇ ದೊರೆಯುತ್ತದೆ. ಎಸ್ತೇರಳ ಕಥೆಯ ಪೂರ್ಣ ನಾಟಕಪಾಠ ಸಿಗುವುದು 1697ರ ಒಂದು ಹಸ್ತಪ್ರತಿಯಲ್ಲಿ, ಅನಂತರ 1708ರ ಫ್ರಾಂಕ್‌ಫರ್ಟ್ ಮುದ್ರಣದಲ್ಲಿ. ಬೈಬಲ್ಲನ್ನು ಬಲ್ಲ ಓದುಗನನ್ನು ಈ ಪಾಠಗಳು ಬೆಚ್ಚಿಬೀಳಿಸುತ್ತವೆ. ಗಂಭೀರನೂ ಧರ್ಮನಿಷ್ಠನೂ ಆದ ಮೊರ್ದೆಕೈ ಇಲ್ಲಿ ವಿದೂಷಕ. ಅವನ ಬಾಯಲ್ಲಿ ಅಶ್ಲೀಲ ಹಾಸ್ಯ, ಅರಸನೊಡನೆ ಮದುವೆಯ ದಲ್ಲಾಳಿಯ ಚೌಕಾಶಿ. ಸಮುದಾಯವನ್ನು ರಕ್ಷಿಸಿದ ಧರ್ಮಪುರುಷನನ್ನೇ ಸಮುದಾಯ ತನ್ನ ಹಬ್ಬದ ದಿನ ಹಾಸ್ಯಕ್ಕೆ ಗುರಿಮಾಡಿತು. ಫ್ರಾಂಕ್‌ಫರ್ಟಿನ ಹಿರಿಯರು ಮುದ್ರಿತ ಪ್ರತಿಗಳನ್ನು ಸುಡಿಸಿದರೆಂದು ಹೇಳಲಾಗಿದೆ. ಪಾಠ ಉಳಿದದ್ದು ಯೋಹಾನ್ ಯಾಕೋಬ್ ಶುಡ್ಟ್ ಎಂಬ ಕ್ರೈಸ್ತ ವಿದ್ವಾಂಸ 1714ರಿಂದ 1718ರವರೆಗೆ ಹೊರತಂದ, ಯಹೂದಿಗಳ ವಿಚಿತ್ರ ಆಚಾರಗಳನ್ನು ಕುರಿತ ತನ್ನ ಗ್ರಂಥದಲ್ಲಿ ಅದನ್ನು ಮರುಮುದ್ರಿಸಿದ್ದರಿಂದ. ಶುಡ್ಟ್ ಯಹೂದಿಗಳ ಮಿತ್ರನಾಗಿರಲಿಲ್ಲ. ಅವರನ್ನು ಕೀಳಾಗಿ ತೋರಿಸುವುದೂ ಅವನ ಉದ್ದೇಶಗಳಲ್ಲಿ ಒಂದಾಗಿತ್ತು. ಹೀಗೆ ಒಂದು ಜನಾಂಗದ ನಗೆಯನ್ನು ಅದರ ಹಿರಿಯರು ನಾಚಿಕೆಯಿಂದ ಸುಟ್ಟರು, ಅದರ ವಿರೋಧಿ ಕುತೂಹಲದಿಂದ ಕಾಪಾಡಿದನು. ಶಿಪೆರ್ ಮತ್ತು ಅವರ ಸಮಕಾಲೀನರು ದುಡಿಯಬೇಕಾಗಿದ್ದುದು ಇಂಥ ಆಕರಗಳ ನಡುವೆ.

ಎರವಲಿನ ಪ್ರಶ್ನೆ

ಈ ಆಟಗಳಲ್ಲಿ ಯಹೂದಿಯಾದುದು ಎಷ್ಟು ಎಂಬುದು ಮುಂದಿನ ಪ್ರಶ್ನೆ. ಯೋಸೇಫನನ್ನು ಅಣ್ಣಂದಿರು ಮಾರಿದ ಕಥೆಯ ಆಟದಲ್ಲಿ ಪಿಕೆಲ್‌ಹೆರಿಂಗ್ ಎಂಬ ವಿದೂಷಕ ಬರುತ್ತಾನೆ. ಅವನು ಐಗುಪ್ತದವನೂ ಅಲ್ಲ, ಕಾನಾನಿನವನೂ ಅಲ್ಲ. ಹದಿನೇಳನೆಯ ಶತಮಾನದಲ್ಲಿ ಜರ್ಮನಿಯಲ್ಲೆಲ್ಲ ತಿರುಗುತ್ತಿದ್ದ ಇಂಗ್ಲಿಷ್ ನಟರ ತಂಡಗಳಿಂದ ಇಳಿದುಬಂದ ಪಾತ್ರ. ಪೂರೀಮ್ ಆಟದ ಕುಣಿತ, ಹೊಡೆದಾಟ, ಪಾತ್ರಪ್ರವೇಶದ ರೀತಿಗಳಲ್ಲೂ ನೆರೆಯವರ ಕಾರ್ನಿವಲ್ ಆಟಗಳ ಗುರುತು ಕಾಣುತ್ತದೆ. ಎರಡೂ ಹಬ್ಬಗಳು ಚಳಿಗಾಲದ ಕೊನೆಗೆ ಬರುವಂಥವು.

ಎರವಲು ಸಿದ್ಧವಾದ ಕೂಡಲೇ ಸ್ವಂತಿಕೆ ಅಳಿಯಿತೆಂದು ತೀರ್ಮಾನಿಸುವ ವಿಮರ್ಶೆಗೆ ಇಲ್ಲಿ ಒಂದು ಪಾಠವಿದೆ. ಒಂದು ಜನಾಂಗದ ಅನನ್ಯತೆಯನ್ನು ಅದು ಬೇರೆ ಯಾರಿಂದಲೂ ಪಡೆಯದ ವಸ್ತುಗಳಲ್ಲಿ ಹುಡುಕಿದರೆ ಯಾವ ಜನಾಂಗಕ್ಕೂ ಅನನ್ಯತೆ ಉಳಿಯದು. ಪಿಕೆಲ್‌ಹೆರಿಂಗ್ ಎಲ್ಲಿಂದ ಬಂದ ಎಂಬುದರ ಜೊತೆಗೆ ಅವನು ಇಲ್ಲಿ ಏನು ಮಾಡಿದ ಎಂಬುದನ್ನೂ ಕೇಳಬೇಕು. ಪೊಟೀಫರನ ಮನೆಯಲ್ಲಿ ಸೇವಕನಾಗಿ ನಿಂತು, ಯೋಸೇಫನ ಸಂಕಟದ ಪಕ್ಕದಲ್ಲೇ ನಗೆ ಹುಟ್ಟಿಸಿ, ಬೈಬಲ್ಲಿನ ಕಥೆಯನ್ನು ಫ್ರಾಂಕ್‌ಫರ್ಟಿನ ಯಹೂದಿ ಓಣಿಯ ಬದುಕಿಗೆ ಹತ್ತಿರ ತಂದವನು ಅವನು. ಆ ಓಣಿಯ ನಿವಾಸಿಗಳಿಗೆ ರಾತ್ರಿ ಬಾಗಿಲು ಮುಚ್ಚಿದ ಮೇಲೆ ಹೊರಗೆ ಹೋಗುವ ಸ್ವಾತಂತ್ರ್ಯವಿರಲಿಲ್ಲ. ವಿದೂಷಕನಿಗೆ ಮಾತ್ರ ಒಳಬರುವ ದಾರಿ ಗೊತ್ತಿತ್ತು. ಪರರ ಭಾಷೆಯಲ್ಲಿ ‘ಎಕ್ಸಗೋಗೆ’ ಬರೆದ ಎಜೆಕಿಯೆಲ್‌ನಿಂದ, ಅರಸನಿಗಾಗಿ ಆಡುತ್ತಲೇ ಸಬ್ಬತ್ ಉಳಿಸಿಕೊಂಡ ಮಾಂಟುವಾದ ನಟರವರೆಗೆ ಈ ರಂಗಭೂಮಿಯ ಲಕ್ಷಣ ಒಂದೇ: ಅದು ಎರಡು ಲೋಕಗಳ ಹೊಸ್ತಿಲಿನ ಮೇಲೆ ನಿಂತಿದೆ. ಹೊಸ್ತಿಲೇ ಅದರ ಮನೆ.

ಗೋಲ್ಡ್‌ಫಾಡೆನ್‌ನನ್ನೂ ಈ ಬೆಳಕಿನಲ್ಲಿ ನೋಡಿದರೆ 1876 ಆರಂಭವಾಗಿ ಉಳಿಯದೆ ಒಂದು ತಿರುವಾಗುತ್ತದೆ. ಅವನು 1862ರಲ್ಲಿಯೇ ಜಿಟೋಮಿರ್‌ನ ರಬ್ಬಿ ವಿದ್ಯಾಲಯದಲ್ಲಿ ವಿದ್ಯಾರ್ಥಿಯಾಗಿದ್ದಾಗ ಎಟಿಂಗರ್‌ನ ‘ಸೆರ್ಕೆಲೆ’ ನಾಟಕದಲ್ಲಿ ನಾಯಿಕೆಯ ಪಾತ್ರ ವಹಿಸಿದ್ದನು. ರಬ್ಬಿಗಳನ್ನು ತಯಾರುಮಾಡುವ ಶಾಲೆಯಲ್ಲಿ ಹುಡುಗನೊಬ್ಬ ಹೆಣ್ಣುವೇಷದಲ್ಲಿ ರಂಗವೇರಿದ್ದರ ಹಿಂದೆ ಇಸ್ಸೆರ್ಲೆಸ್ ಒಪ್ಪಿಕೊಂಡ ಆ ರೂಢಿಯ ಮೂರು ಶತಮಾನಗಳಿವೆ. 1883ರಲ್ಲಿ ರಷ್ಯಾದ ತ್ಸಾರ್ ಸರ್ಕಾರ ಯಿದ್ದಿಶ್ ಪ್ರದರ್ಶನಗಳನ್ನು ನಿಷೇಧಿಸಿದಾಗ ತಂಡಗಳು ತಮ್ಮ ಆಟವನ್ನು ‘ಜರ್ಮನ್ ನಾಟಕ’ವೆಂದು ಹೆಸರಿಸಿ ಮುಂದುವರಿಸಿದವು, ಉಳಿದವರು ಲಂಡನ್, ನ್ಯೂಯಾರ್ಕ್‌ಗಳಿಗೆ ಹೊರಟರು. ನಿಷೇಧಿಸುವವನು ಬದಲಾಗಿದ್ದನು, ಹೆಸರು ಮರೆಸಿಕೊಂಡು ಆಡುವ ಕಲೆ ಎಸ್ತೇರಳಷ್ಟು ಹಳೆಯದು.

ವಿದ್ವಾಂಸರ ಆಕ್ಷೇಪ

ಶಿಪೆರ್ ಅವರ ಗ್ರಂಥ ಪ್ರಶ್ನಾತೀತವಾಗಿ ಸ್ವೀಕೃತವಾಗಲಿಲ್ಲ. ಅತ್ಯಂತ ದೀರ್ಘವಾದ ಆಕ್ಷೇಪ ಬಂದದ್ದು ಯಾಕೊಬ್ ಶಾಟ್ಸ್ಕಿ ಅವರಿಂದ. ಅವರೂ ಪೋಲೆಂಡಿನಿಂದ ಬಂದ ಇತಿಹಾಸಕಾರರೇ. ಮುಂದೆ 1930ರಲ್ಲಿ ಯಿವೋ ಪರವಾಗಿ ಯಿದ್ದಿಶ್ ರಂಗಭೂಮಿಯ ಇತಿಹಾಸಕ್ಕೆ ಮೀಸಲಾದ ದಾಖಲೆಗಳ ಸಂಪುಟವನ್ನು ಸಂಪಾದಿಸಿದವರು. 1928ರ ತಮ್ಮ ವಿಮರ್ಶಾಲೇಖನದಲ್ಲಿ ಅವರು ಗ್ರಂಥವನ್ನು ಯಿದ್ದಿಶ್ ರಂಗಭೂಮಿಯ ಮೊದಲ ಇತಿಹಾಸವೆಂದು ಗುರುತಿಸುತ್ತಲೇ ಅದನ್ನು ಕಟ್ಟುನಿಟ್ಟಾದ ಪರೀಕ್ಷೆಗೆ ಒಡ್ಡಿದರು.

ಇಂಥ ಗ್ರಂಥದ ದೌರ್ಬಲ್ಯ ಎಲ್ಲಿರಬಲ್ಲುದೆಂಬುದನ್ನು ಊಹಿಸುವುದು ಕಷ್ಟವಲ್ಲ. ಶತಮಾನಗಳ ಅಂತರವಿರುವ ಎರಡು ದಾಖಲೆಗಳ ನಡುವೆ ನಿರಂತರ ಪರಂಪರೆಯನ್ನು ಕಲ್ಪಿಸುವ ಆಸೆ ಅದರಲ್ಲಿ ಸಹಜ. ಅಲೆಕ್ಸಾಂಡ್ರಿಯಾದ ಎಜೆಕಿಯೆಲ್‌ನಿಗೂ ಫ್ರಾಂಕ್‌ಫರ್ಟಿನ ಪೂರೀಮ್ ನಟರಿಗೂ ನಡುವೆ ಸುಮಾರು ಸಾವಿರದ ಒಂಬೈನೂರು ವರ್ಷಗಳಿವೆ. ಇವರು ಅವನ ಹೆಸರನ್ನೂ ಕೇಳಿರಲಾರರು. ಪ್ರತ್ಯೇಕ ಸ್ಥಳಗಳಲ್ಲಿ ಪ್ರತ್ಯೇಕವಾಗಿ ಹುಟ್ಟಿ ಅಳಿದ ಆಟಗಳನ್ನು ಒಂದೇ ನದಿಯೆಂದು ಕರೆಯುವುದು ಇತಿಹಾಸವೋ, ಜನಾಂಗದ ಅಭಿಲಾಷೆಯೋ? ಹಳೆಯ ಯಿದ್ದಿಶ್ ಸಾಹಿತ್ಯವೆಲ್ಲ ಅಲೆಮಾರಿ ಗಾಯಕನಟರ ಸೃಷ್ಟಿಯೆಂಬ, ಅಂದು ಬಳಕೆಯಲ್ಲಿದ್ದ ಸಿದ್ಧಾಂತವನ್ನು ಅನಂತರದ ತಲೆಮಾರಿನ ಸಂಶೋಧಕರು ಆಧಾರ ಸಾಲದೆಂದು ಕೈಬಿಟ್ಟಿದ್ದಾರೆ. ಆದರೆ ಬಿಡಿ ಸಂಗತಿಗಳನ್ನು ಒಂದೆಡೆ ತಂದು ಅವುಗಳಿಗೆ ‘ರಂಗಭೂಮಿ’ ಎಂಬ ಹೆಸರಿಟ್ಟದ್ದು ಶಿಪೆರ್ ಅವರ ದೊಡ್ಡ ಕೆಲಸ. ಅಲ್ಲಿಯವರೆಗೆ ಅವು ಧರ್ಮಶಾಸ್ತ್ರದ ಅಡಿಟಿಪ್ಪಣಿಗಳೂ ಜಾನಪದ ಕುತೂಹಲಗಳೂ ಆಗಿದ್ದವು. ಹೆಸರಿಟ್ಟ ಮೇಲೆ ಅವು ವಾದಿಸಬಹುದಾದ, ತಿದ್ದಬಹುದಾದ ಒಂದು ವಿಷಯವಾದವು.

ಚರಿತ್ರೆಕಾರನ ಕೊನೆಯ ಪ್ರಶ್ನೆ

1940ರ ನವೆಂಬರಿನಲ್ಲಿ ನಾಜಿಗಳು ವಾರ್ಸಾದ ಯಹೂದಿ ಘೆಟ್ಟೋವನ್ನು ಗೋಡೆಯಿಂದ ಮುಚ್ಚಿದರು. ಶಿಪೆರ್ ಅದರೊಳಗಿದ್ದರು, ಅಲ್ಲಿಯ ಸಾಂಸ್ಕೃತಿಕ ಚಟುವಟಿಕೆಗಳಲ್ಲಿ ಪಾಲ್ಗೊಂಡರು, ಉಪನ್ಯಾಸ ಕೊಟ್ಟರು, ಬರೆದರು. ಹಸಿವೆ ಮತ್ತು ಟೈಫಸ್ ರೋಗದ ನಡುವೆಯೂ ಘೆಟ್ಟೋದಲ್ಲಿ ಪೋಲಿಷ್ ಮತ್ತು ಯಿದ್ದಿಶ್ ರಂಗಮಂದಿರಗಳು ನಡೆದವು. ಇತಿಹಾಸಕಾರ ಎಮ್ಯಾನುಯೆಲ್ ರಿಂಗೆಲ್‌ಬ್ಲುಮ್ ಅವರ ನೇತೃತ್ವದಲ್ಲಿ ‘ಓನೆಗ್ ಶಬ್ಬೆಸ್’ ಎಂಬ ಗುಪ್ತ ಬಳಗ ದಿನದಿನದ ಬದುಕಿನ ದಾಖಲೆಗಳನ್ನು ಸಂಗ್ರಹಿಸುತ್ತಿತ್ತು. ಡೈರಿ, ಪತ್ರ, ಪಡಿತರ ಚೀಟಿಗಳ ಜೊತೆಗೆ ಪ್ರದರ್ಶನಗಳ ಭಿತ್ತಿಪತ್ರಗಳೂ ಆ ಸಂಗ್ರಹದಲ್ಲಿ ಸೇರಿದವು.

1942ರ ಜುಲೈ 22ರಂದು ಘೆಟ್ಟೋದಿಂದ ಟ್ರೆಬ್ಲಿಂಕಾ ಕೊಲೆಶಿಬಿರಕ್ಕೆ ಸಾಗಾಟ ಆರಂಭವಾಯಿತು. ಆಗ ನಾಯಕರು ಸೇರಿದ ಸಭೆಯಲ್ಲಿ ಸಶಸ್ತ್ರ ಪ್ರತಿರೋಧದ ಪ್ರಸ್ತಾವವನ್ನು ಶಿಪೆರ್ ವಿರೋಧಿಸಿದರೆಂದು ಉಳಿದುಬಂದವರು ದಾಖಲಿಸಿದ್ದಾರೆ. ಹಿಂದೆ ಅನೇಕ ವಿಪತ್ತುಗಳಲ್ಲಿ ಜನಾಂಗ ಒಂದು ಭಾಗವನ್ನು ಕಳೆದುಕೊಂಡು ಉಳಿದ ಭಾಗವನ್ನು ರಕ್ಷಿಸಿಕೊಂಡಿದೆ, ಹೋರಾಟ ಎಲ್ಲರ ನಾಶಕ್ಕೆ ದಾರಿಯಾದೀತು ಎಂಬುದು ಅವರ ವಾದ. ಎರಡು ಸಾವಿರ ವರ್ಷಗಳ ಇತಿಹಾಸವನ್ನು ಬಲ್ಲವರ ಮಾತು ಅದು. ಆ ಎರಡು ಸಾವಿರ ವರ್ಷಗಳಲ್ಲಿ ಅಂಥದೊಂದು ಸಂಗತಿ ನಡೆದಿರಲಿಲ್ಲವಾದ್ದರಿಂದ ಆ ಅರಿವು ನೆರವಾಗಲಿಲ್ಲ. ಎರಡು ತಿಂಗಳೊಳಗೆ ಸುಮಾರು 2,65,000 ಜನರನ್ನು ಟ್ರೆಬ್ಲಿಂಕಾಕ್ಕೆ ಒಯ್ಯಲಾಯಿತು. ಎಸ್ತೇರಳ ಕಥೆಯಲ್ಲಿ ಕೊನೆಗೆ ವಿಫಲವಾಗುವ ಆಜ್ಞೆ ಈ ಬಾರಿ ವಿಫಲವಾಗಲಿಲ್ಲ.

1943ರ ವಸಂತದಲ್ಲಿ ಘೆಟ್ಟೋ ದಂಗೆಯೆದ್ದಿತು. ಅದನ್ನು ನಾಶಪಡಿಸಿದ ಜರ್ಮನ್ನರು ಸಿಕ್ಕವರನ್ನು ಶಿಬಿರಗಳಿಗೆ ಅಟ್ಟಿದರು. ಶಿಪೆರ್ ಮಾಯ್ದಾನೆಕ್ ಶಿಬಿರಕ್ಕೆ ಹೋದರು, ಅದೇ ವರ್ಷ ಅಲ್ಲಿಯೇ ತೀರಿಕೊಂಡರು. ಅಲ್ಲಿ ಅವರೊಡನಿದ್ದ ಅಲೆಕ್ಸಾಂಡರ್ ಡೊನಾಟ್ ಎಂಬ ಪತ್ರಕರ್ತ ಬದುಕಿ ಉಳಿದು, 1965ರಲ್ಲಿ ಪ್ರಕಟಿಸಿದ ತನ್ನ ನೆನಪುಗಳಲ್ಲಿ ಶಿಪೆರ್ ಅವರ ಮಾತುಗಳನ್ನು ವರದಿ ಮಾಡಿದ್ದಾರೆ. ಎಲ್ಲವೂ ಈ ಕಾಲದ ಇತಿಹಾಸವನ್ನು ಯಾರು ಬರೆಯುತ್ತಾರೆ ಎಂಬುದನ್ನು ಅವಲಂಬಿಸಿದೆ. ಅಳಿಸಿಹಾಕಲ್ಪಟ್ಟ ಜನಾಂಗಗಳ ಬಗ್ಗೆ ಲೋಕಕ್ಕೆ ತಿಳಿದಿರುವುದು ಅವರನ್ನು ಕೊಂದವರು ಹೇಳಲು ಬಯಸಿದಷ್ಟೇ. ಕೊಂದವರು ಗೆದ್ದರೆ ನಮ್ಮ ನೆನಪನ್ನೇ ಅಳಿಸಿಹಾಕಬಹುದು, ನಾವೇ ಬರೆದರೆ ನಂಬುವವರು ಇರಲಿಕ್ಕಿಲ್ಲ ಎಂಬುದು ಆ ಮಾತುಗಳ ಸಾರ.

ಈ ಆತಂಕವನ್ನು ಹತಾಶೆಯ ಉದ್ಗಾರವೆಂದು ಓದುವುದು ಸುಲಭ. ಆದರೆ ರಂಗಭೂಮಿಯ ಚರಿತ್ರೆ ಬರೆದವರ ಬಾಯಲ್ಲಿ ಅದಕ್ಕೆ ನಿರ್ದಿಷ್ಟ ಅರ್ಥವಿದೆ. ಶುಡ್ಟ್‌ನ ಗ್ರಂಥದ ಮೂಲಕ ಯಹೂದಿ ನಗೆಯನ್ನು ಓದಬೇಕಾದ ವಿದ್ವಾಂಸನಿಗೆ ವಿರೋಧಿಯ ದಾಖಲೆಯಲ್ಲಿ ಉಳಿಯುವುದು ಎಂದರೇನೆಂದು ವೃತ್ತಿಯಿಂದಲೇ ಗೊತ್ತಿರುತ್ತದೆ. ನೆರೆಯವನ ಕುತೂಹಲ ಒಂದು ಆಟದ ಪಾಠವನ್ನು ಉಳಿಸಬಲ್ಲುದು. ಆಡಿದವರ ಹೆಸರನ್ನೂ, ಅವರು ಯಾರನ್ನು ನೋಡಿ ನಕ್ಕರೆಂಬುದನ್ನೂ ಅದು ಉಳಿಸುವುದಿಲ್ಲ. ಸಾವನ್ನು ಕಣ್ಣಾರೆ ಕಂಡು ಸಾಕ್ಷಿ ನುಡಿಯಲೆಂದು ಪ್ರೇಕ್ಷಕನಿಗೆ ಅನುಮತಿ ಕೊಟ್ಟ ರಬ್ಬಿ ನಾತಾನನ ತರ್ಕ ಮಾಯ್ದಾನೆಕ್‌ನಲ್ಲಿ ಮತ್ತೆ ಜೀವಂತವಾಯಿತು.

ಅವರ ಭಯ ಪೂರ್ತಿ ನಿಜವಾಗಲಿಲ್ಲ. ಓನೆಗ್ ಶಬ್ಬೆಸ್ ಬಳಗ ನೆಲದಲ್ಲಿ ಹುಗಿದ ದಾಖಲೆಗಳ ಒಂದು ಭಾಗ 1946ರ ಸೆಪ್ಟೆಂಬರಿನಲ್ಲಿ ತಗಡಿನ ಪೆಟ್ಟಿಗೆಗಳಲ್ಲಿಯೂ, ಇನ್ನೊಂದು ಭಾಗ 1950ರ ಡಿಸೆಂಬರಿನಲ್ಲಿ ಹಾಲಿನ ಎರಡು ಕ್ಯಾನುಗಳಲ್ಲಿಯೂ ದೊರೆತವು. 1944ರಲ್ಲಿ ಕೊಲ್ಲಲ್ಪಟ್ಟ ರಿಂಗೆಲ್‌ಬ್ಲುಮ್ ಅಡಗಿದ್ದ ನೆಲಮಾಳಿಗೆಯಿಂದ ಬರೆದ ವ್ಯಕ್ತಿಚಿತ್ರಗಳಲ್ಲಿ ಶಿಪೆರ್ ಅವರದೂ ಒಂದು. ಪೋಲೆಂಡಿನ ಹಸೀದ್ ಪಂಥದ ಚರಿತ್ರೆಯನ್ನು ಕುರಿತು ಶಿಪೆರ್ ಘೆಟ್ಟೋದಲ್ಲಿ ಬರೆದ ಕೃತಿ ಹಸ್ತಪ್ರತಿಯಾಗಿ ಉಳಿದು 1992ರಲ್ಲಿ ವಾರ್ಸಾದಲ್ಲಿ ಪ್ರಕಟವಾಯಿತು. ಜಲ್ಮನ್ ಜಿಲ್ಬರ್ಟ್ಸ್‌ವೈಗ್ ಅವರು 1931ರಿಂದ ಹೊರತರುತ್ತಿದ್ದ ಯಿದ್ದಿಶ್ ರಂಗಭೂಮಿಯ ವಿಶ್ವಕೋಶದ ಐದನೆಯ ಸಂಪುಟ 1967ರಲ್ಲಿ ಮೆಕ್ಸಿಕೋದಲ್ಲಿ ಅಚ್ಚಾಯಿತು. ಅದು ಸಂಪೂರ್ಣವಾಗಿ ನಾಜಿಗಳಿಂದ ಹತರಾದ ರಂಗಕರ್ಮಿಗಳಿಗೆ ಮೀಸಲು. 1708ರ ಫ್ರಾಂಕ್‌ಫರ್ಟಿನ ನಟರಿಗೆ ದಕ್ಕದ ಹೆಸರುಗಳು ಅವರಿಗೆ ದಕ್ಕಿದವು.

ಪೂರೀಮ್ ಆಟಗಳ ಪಾಠಗಳನ್ನು ಶಾಸ್ತ್ರೀಯವಾಗಿ ಪರಿಷ್ಕರಿಸಿ ಪ್ರಕಟಿಸಿದ ಕೀರ್ತಿ ಖೋನೆ ಶ್ಮೆರುಕ್ ಅವರಿಗೆ ಸಲ್ಲುತ್ತದೆ. 1921ರಲ್ಲಿ ವಾರ್ಸಾದಲ್ಲಿ ಹುಟ್ಟಿ, ಯುದ್ಧವನ್ನು ದಾಟಿ ಜೆರುಸಲೇಮಿನಲ್ಲಿ ಪ್ರಾಧ್ಯಾಪಕರಾದ ಅವರು 1979ರಲ್ಲಿ ಹೊರತಂದ ಸಂಪುಟದ ವ್ಯಾಪ್ತಿ 1697ರಿಂದ 1750ರವರೆಗಿನ ಯಿದ್ದಿಶ್ ಬೈಬಲ್ ನಾಟಕಗಳು. ಶಿಪೆರ್ ‘ಅತಿ ಪ್ರಾಚೀನ ಕಾಲ’ದಿಂದ ಆರಂಭಿಸಿದ ಕಥೆಯನ್ನು ಶ್ಮೆರುಕ್ ದಾಖಲೆ ದೊರೆಯುವ ವರ್ಷದಿಂದ ಆರಂಭಿಸಿದರು, ಇಬ್ಬರೂ ಮುಗಿಸಿದ್ದು ಒಂದೇ ವರ್ಷದಲ್ಲಿ. ಮೊದಲನೆಯವರ ವಿಶಾಲವಾದ ಊಹೆ ಇಲ್ಲದಿದ್ದರೆ ಎರಡನೆಯವರ ಬಿಗಿಯಾದ ಪಾಠಪರಿಷ್ಕರಣಕ್ಕೆ ಕ್ಷೇತ್ರವಿರುತ್ತಿರಲಿಲ್ಲ. ಎರಡನೆಯದು ಬಾರದಿದ್ದರೆ ಮೊದಲನೆಯದು ಆಶಯವಾಗಿಯೇ ಉಳಿಯುತ್ತಿತ್ತು. ಪಂಡಿತರ ಲೇಖನಿಗೆ ಸಲ್ಲದ ಕಲೆಯ ಚರಿತ್ರೆ ಬರೆಯಹೊರಟವರು, ಅದು ಯಾವ ಭಾಷೆಯದಾದರೂ ಆಗಲಿ, ನಿಷೇಧದ ವಾಕ್ಯಗಳನ್ನು ಮೊದಲು ಓದಬೇಕೆಂಬುದನ್ನೂ, ಆ ವಾಕ್ಯಗಳು ಹೇಳದೆ ಬಿಟ್ಟ ನಗೆಯನ್ನು ಊಹೆಯಿಂದ ತುಂಬುವಾಗ ಎಷ್ಟು ಎಚ್ಚರ ಬೇಕೆಂಬುದನ್ನೂ ಈ ಎರಡು ಗ್ರಂಥಗಳನ್ನು ಒಟ್ಟಿಗಿಟ್ಟು ನೋಡಿ ಕಲಿಯಬಹುದು.